ಯಾರೂ ಓದದ ಆರನೇ ಉತ್ತರ

ವಿಶ್ವವಿದ್ಯಾಲಯದ ಪರೀಕ್ಷಾ ನಿಯಂತ್ರಕರಿಗೆ,

ಮಾನ್ಯರೇ, ನನ್ನ ಸೊಸೆ ಕೇತಕಿಯ ಮರುಮೌಲ್ಯಮಾಪನದ ಫಲಿತಾಂಶ ಎಲ್ಲಿದೆ? ಬೇಸಿಗೆಯಲ್ಲಿ ಸಲ್ಲಿಸಿದ ಅರ್ಜಿಗೆ ದೀಪಾವಳಿ ಕಳೆದರೂ ಉತ್ತರವಿಲ್ಲ. ನಿಮ್ಮದೇ ನಿಯಮಾವಳಿ ಒಂದು ತಿಂಗಳ ಗಡುವು ಹೇಳುತ್ತದೆ. ನಿಯಮ ಬರೆದವರು ಅದನ್ನು ಓದುವುದಿಲ್ಲ ಎಂಬುದು ಹೊಸ ಸಂಗತಿಯೇನಲ್ಲ. ಆದರೆ ಉತ್ತರಪತ್ರಿಕೆಯನ್ನೂ ಓದುವುದಿಲ್ಲವೆಂದರೆ ಸಿಟ್ಟು ಬರುತ್ತದೆ.

ಕೇತಕಿ ಕಾನೂನು ಪದವಿಯ ಕೊನೆಯ ವರ್ಷದಲ್ಲಿ ಒಂದೇ ವಿಷಯದಲ್ಲಿ, ಆಡಳಿತ ಕಾನೂನಿನಲ್ಲಿ, ನಪಾಸಾದಳು. ಮಾಹಿತಿ ಹಕ್ಕಿನಡಿ ಉತ್ತರಪತ್ರಿಕೆಯ ನಕಲು ತರಿಸಿದೆವು. ಐದು ಉತ್ತರಗಳ ಪಕ್ಕ ಅಂಕಗಳಿವೆ. ಹೆಚ್ಚುವರಿ ಹಾಳೆಯಲ್ಲಿ ಬರೆದ ಆರನೆಯದರ ಮೇಲೆ ಪೆನ್ನಿನ ಒಂದು ಗೀಟೂ ಇಲ್ಲ, ಸೊನ್ನೆಯೂ ಇಲ್ಲ. ನಾನು ಗಡಿಯೂರಾದ ಉದಗೀರದಲ್ಲಿ ಮರಾಠಿ ಕಲಿಸಿ ನಿವೃತ್ತಳಾದ ಶಿಕ್ಷಕಿ. ಹತ್ತನೆಯ ತರಗತಿಯ ಪತ್ರಿಕೆಗಳನ್ನು ವರ್ಷಗಟ್ಟಲೆ ತಿದ್ದಿದವಳು. ದಾರ ಕಟ್ಟಿದ ಹೆಚ್ಚುವರಿ ಹಾಳೆ ಕಣ್ತಪ್ಪುವುದುಂಟು, ಒಪ್ಪುತ್ತೇನೆ. ಆದರೆ ಒಂದು ಹಾಳೆ ಮಗುಚಿ ನೋಡಲು ಎಷ್ಟು ಋತುಗಳು ಬೇಕು, ಸ್ವಾಮಿ?

ಕಳೆದ ವಾರ ನಾವಿಬ್ಬರೂ ನಿಮ್ಮ ಕಚೇರಿಗೆ ಬಂದಿದ್ದೆವು. ಕಿಟಕಿಯಲ್ಲಿದ್ದ ಗುಮಾಸ್ತರು ಚಹಾ ಮುಗಿಸಿ, "ಬಾಯಿ, ಅದು ಪ್ರೋಸೆಸ್‌ದಾಗ ಐತಿ" ಎಂದರು.

"ಯಾರ ಟೇಬಲ್ ಮ್ಯಾಲ ಐತಿ, ಅಷ್ಟ ಹೇಳ್ರಿ" ಎಂದೆ.

"ಟೇಬಲ್ ಮ್ಯಾಲ ಇದ್ದಿದ್ರ ಹೇಳ್ತಿದ್ನಲ್ರಿ. ಸುಮ್ನ ಯಾಕ ತಲಿ ಕೆಡಿಸ್ಕೋತೀರಿ? ಮತ್ತೊಮ್ಮೆ ಪರೀಕ್ಷಾ ಬರೀಲಿ ಬಿಡ್ರಿ. ಸೊಸಿ ಶಾಣ್ಯಾಕಿ ಅದಾಳ, ಪಾಸ್ ಆಗ್ತಾಳ."

ಆಗ ಕೇತಕಿ ಕೇಳಿದಳು: "ಬರದದ್ದನ್ನ ಓದಲಾರದವ್ರಿಗೆ ಮತ್ತೊಮ್ಮೆ ಏನಂತ ಬರೀಲಿ, ದಾದಾ?" ಗುಮಾಸ್ತರು ಕಿಟಕಿ ಎಳೆದುಕೊಂಡರು.

ನಿಮ್ಮ ಕುಂದುಕೊರತೆ ಸಮಿತಿಗೂ ಬರೆದೆವು. ಸಮಿತಿ ಇನ್ನೂ ರಚನೆಯಾಗಿಲ್ಲವಂತೆ. ಈ ಕೊರತೆಯನ್ನು ಯಾವ ಸಮಿತಿಗೆ ಹೇಳಿಕೊಳ್ಳಬೇಕು?

ಪಾಸಾಗದೆ ವಕೀಲಿ ಸನದು ಸಿಗುವುದಿಲ್ಲ. ನಮ್ಮೂರ ಹಿರಿಯ ವಕೀಲೆ ಡೋಣಗಾಂವಕರ್ ಬಾಯಿ ತಮ್ಮ ಕಚೇರಿಯಲ್ಲಿ ಕೇತಕಿಗೆಂದು ಜಾಗ ಇಟ್ಟಿದ್ದಾರೆ. ಮೊನ್ನೆ ಅವರೂ, "ಸಂಕ್ರಾಂತಿ ತನಕ ತಡೀತೀನಿ ಕೇತಕಿ. ಅದರ ಮುಂದ ನನಗೂ ಜನ ಬೇಕಲ್ಲ" ಎಂದರು. ಅವರದೇನೂ ತಪ್ಪಿಲ್ಲ. ಎರಡು ಮಕ್ಕಳಾದ ಮೇಲೆ ಇವಳು ಓದಲು ಕೂತಾಗ, "ಈ ವಯಸ್ಸಿನಾಗ ಎಂಥಾ ಕೋರ್ಟು?" ಎಂದ ನೆಂಟರ ಬಾಯಿ ಮುಚ್ಚಿಸಿದವಳು ನಾನು. ಈಗ ಅವರು ಒಬ್ಬರ ಮುಖ ಒಬ್ಬರು ನೋಡಿ ನಗುತ್ತಾರೆ. ಹೊಲಿಸಿಟ್ಟ ಕರಿ ಕೋಟನ್ನು ಕೇತಕಿ ಕಪಾಟಿನ ಹಿಂದಕ್ಕೆ ಸರಿಸಿದ್ದಾಳೆ.

ಅಂದಹಾಗೆ, ಆ ಆರನೇ ಉತ್ತರ ಯಾವುದರ ಬಗ್ಗೆ ಎಂಬುದು ನಿಮಗೆ ತಿಳಿದಿರಲಾರದು. ತನ್ನ ಕರ್ತವ್ಯ ಮಾಡದೆ ಕುಳಿತ ಅಧಿಕಾರಿಗೆ 'ಮಾಡು' ಎಂದು ಹೈಕೋರ್ಟು ಹೊರಡಿಸುವ ರಿಟ್ ಆದೇಶದ ಬಗ್ಗೆ. ಅದನ್ನು ಬೇಡುವ ಮೊದಲು ಅಧಿಕಾರಿಯನ್ನು ಸ್ಪಷ್ಟವಾಗಿ ಕೇಳಿರಬೇಕು, ಅವನು ಆಗದು ಎಂದಿರಬೇಕು. ಉತ್ತರ ಕೊಡದೆ ಕೂತರೂ ಅದು ಆಗದು ಎಂದಂತೆಯೇ ಎಂದು ನನ್ನ ಸೊಸೆ ಅದರಲ್ಲಿ ಅಚ್ಚುಕಟ್ಟಾಗಿ ಬರೆದಿದ್ದಾಳೆ.

ಆದ್ದರಿಂದ ಊರೆಲ್ಲ ನೋಡುವಂತೆ ಈ ಬಹಿರಂಗ ಪತ್ರದಲ್ಲಿ ಕೇಳುತ್ತಿದ್ದೇವೆ: ಎರಡು ವಾರದೊಳಗೆ ಆ ಹಾಳೆ ಓದಿ ಫಲಿತಾಂಶ ಕೊಡಿ. ಇಲ್ಲವಾದರೆ ಕೇತಕಿ ಔರಂಗಾಬಾದಿನ ಹೈಕೋರ್ಟ್ ಪೀಠದಲ್ಲಿ ತನ್ನ ಅರ್ಜಿಯನ್ನು ತಾನೇ ವಾದಿಸಲು ಅನುಮತಿ ಕೇಳುತ್ತಾಳೆ. ಸ್ವಂತ ಮೊಕದ್ದಮೆಗೆ ಸನದು ಬೇಕಿಲ್ಲ. ಅರ್ಜಿಯ ಜೊತೆ ಆ ಆರನೇ ಉತ್ತರವನ್ನೂ ಲಗತ್ತಿಸುತ್ತಾಳೆ. ನೀವು ಓದದಿದ್ದರೆ ನ್ಯಾಯಮೂರ್ತಿಗಳು ಓದುತ್ತಾರೆ, ಆಗ ನೀವು ಎದುರಿಗೆ ನಿಂತು ಕೇಳಿಸಿಕೊಳ್ಳಬೇಕಾಗುತ್ತದೆ.

ಇಂತಿ,
ಹಾಳೆ ಮಗುಚಿ ನೋಡಿಯೇ ಅಂಕ ಕೊಡುತ್ತಿದ್ದ ಹಳೇ ಕಾಲದವಳು,
ಕುಸುಮ ಪಾಂಚಾಳ, ಉದಗೀರ
(ಕೆಳಗೆ ಸಹಿ ಹಾಕಿದವಳು: ಕೇತಕಿ, ನಿಮ್ಮ ಲೆಕ್ಕದಲ್ಲಿ ಇನ್ನೂ ನಪಾಸು)