ಗಾಜಿಲ್ಲದ ಕನ್ನಡಕ

ಮಾರ್ಚ್ ೧೨, ಮಂಗಳವಾರ
ಅಂಗಡಿಯಿಂದ

ಪ್ರೀತಿಯ ಗುಬ್ಬಿ,

ಹೇಗಿದ್ದೀಯ? ಕೆಮ್ಮು ಹೋಯಿತೇ? ನೀನು ಕೇಳಿದ ಒಂದು ಸಣ್ಣ ಪ್ರಶ್ನೆಗೆ ಉತ್ತರ ಕೊಡಲು ಇಷ್ಟು ದಿನ ತೆಗೆದುಕೊಂಡದ್ದಕ್ಕೆ ಬೇಸರ ಮಾಡಿಕೊಳ್ಳಬೇಡ. ಫೋನಿನಲ್ಲಿ ನೀನು ಕೇಳಿದಾಗಲೆಲ್ಲ "ಅಂಗಡೀಲಿ ಜನ ಇದ್ದಾರೆ, ಆಮೇಲೆ ಹೇಳ್ತೀನಿ" ಎಂದೆ. ಜನ ಇರಲಿಲ್ಲ. ಫೋನಿನಲ್ಲಿ ಬರುವುದನ್ನು ನಂಬಬೇಡ ಎಂದು ಫೋನಿನಲ್ಲೇ ಹೇಗೆ ಹೇಳಲಿ ಎಂಬುದು ಒಂದು ಕಾರಣ. ಇದನ್ನು ಹೇಳುವಾಗ ನನ್ನ ದನಿ ನಿನಗೆ ಕೇಳಿಸುವುದು ಬೇಡವಾಗಿತ್ತು ಎಂಬುದು ಇನ್ನೊಂದು. ಅದಕ್ಕೇ ಈ ಕಾಗದ.

ಇಲ್ಲಿಯ ಸುದ್ದಿ ಮೊದಲು ಮುಗಿಸುತ್ತೇನೆ. ಅಂಗಡಿ ನಡೆಯುತ್ತಿದೆ. ಶಟರಿನ ಒಂದು ಬದಿ ಮತ್ತೆ ಸಿಕ್ಕಿಹಾಕಿಕೊಳ್ಳುತ್ತಿದೆ, ಬೆಳಿಗ್ಗೆ ಒಂದು ಒದೆ ಕೊಟ್ಟರೆ ಮೇಲೇಳುತ್ತದೆ. ಪಕ್ಕದ ಬೇಕರಿಯವರು ನೀನು ಹಲ್ಲಿನ ಲ್ಯಾಬಿಗೆ ಸೇರಿದ್ದನ್ನು ಕೇಳಿ, "ಯಜಮಾನ್ರು ಕಣ್ಣು ನೋಡ್ಕೊಂಡ್ರು, ಮಗಳು ಹಲ್ಲು ಹಿಡಿದ್ಲು. ನಿಮ್ಮನೇಲಿ ಇನ್ನು ಕಿವಿಗೊಬ್ಬರು ಬೇಕು ನೋಡಿ" ಎಂದರು. ನಕ್ಕೆ. ಲೆನ್ಸ್ ಉಜ್ಜುವ ಕೋಣೆಯನ್ನು ಗುಡಿಸಿಟ್ಟಿದ್ದೇನೆ. ಈಗ ಲೆನ್ಸುಗಳನ್ನೆಲ್ಲ ಹೊರಗೆ ಕೊಟ್ಟು ಮಾಡಿಸುತ್ತೇನಲ್ಲ, ಅಲ್ಲಿ ಖಾಲಿ ಡಬ್ಬಿಗಳು ಮಾತ್ರ. ನೀನು ಚಿಕ್ಕವಳಿದ್ದಾಗ ಅಲ್ಲಿದ್ದ ಉಜ್ಜುವ ಯಂತ್ರದ ಹಿಂದೆ ಅವಿತುಕೊಂಡು ಅಪ್ಪನ ದನಿಯಲ್ಲಿ ನನ್ನನ್ನು ಕರೆಯುತ್ತಿದ್ದೆಯಲ್ಲ! ಎದುರಿಗಿದ್ದ ಗಿರಾಕಿಯನ್ನು ಬಿಟ್ಟು ಓಡಿ ಬಂದರೆ ಅಲ್ಲಿ ಎರಡು ಜಡೆಯ ನೀನು. ಅಪ್ಪ ಮೊದಮೊದಲು ಬೈದರು. ಆಮೇಲೆ ಅವರೇ ನಿನಗೆ ಕೆಲಸ ಹಚ್ಚಿದರು: "ಏ ಗುಬ್ಬಿ, ನನ್ನ ಕೈ ಬಿಡುವಿಲ್ಲ. ನನ್ನ ಬದಲು ನೀನೇ ಕರಿ."

ಈಗ ನಿನ್ನ ಪ್ರಶ್ನೆ. ಕೋಣೆಯ ಗೆಳತಿಗೆ ಆನ್‌ಲೈನಿನಲ್ಲಿ ಒಬ್ಬ "ಸರ್" ಸಿಕ್ಕಿದ್ದಾರೆ, ಅವಳ ಹಣ ವಾರವಾರ ಬೆಳೆಯುತ್ತಿದೆ, ಅಪ್ಪ ನಿನ್ನ ಹೆಸರಿನಲ್ಲಿಟ್ಟ ಹಣವನ್ನು ನೀನೂ ಅಲ್ಲಿ ಹಾಕಲೇ ಎಂದು ಕೇಳಿದ್ದೆ. ಬೇಡ. ಇಷ್ಟಕ್ಕೇ ನಿಲ್ಲಿಸಿದರೆ "ಅಮ್ಮನಿಗೆ ಎಲ್ಲದಕ್ಕೂ ಭಯ" ಎನ್ನುತ್ತೀಯ. ಆದ್ದರಿಂದ ನಡೆದದ್ದನ್ನು ಹೇಳುತ್ತೇನೆ. ಕೂತುಕೊಂಡು ಓದು, ಕಂದಾ.

ಹೋದ ತಿಂಗಳು ಒಬ್ಬ ಹೆಂಗಸು ಅಂಗಡಿಗೆ ಬಂದರು. ನಿವೃತ್ತ ನರ್ಸು. ವಯಸ್ಸಾಗಿದ್ದರೂ ಬೆನ್ನು ನೆಟ್ಟಗಿತ್ತು. ಕೈಚೀಲವನ್ನು ಎದೆಗೆ ಒತ್ತಿ ಹಿಡಿದಿದ್ದರು. ಫ್ರೇಮುಗಳ ಕಡೆ ತಿರುಗಲಿಲ್ಲ, ಗೋಡೆಯ ಮೇಲಿದ್ದ ಅಪ್ಪನ ಫೋಟೋ ಮುಂದೆ ಹೋಗಿ ನಿಂತರು.

"ಇವರನ್ನ ಕರೀರಿ."

"ಯಾರನ್ನ?"

"ಇವರನ್ನೇ. ಒಳಗಿದ್ದಾರಾ?"

"ಅವರು ನನ್ನ ಯಜಮಾನರು. ತೀರಿಕೊಂಡು ನಾಲ್ಕು ವರ್ಷ ಆಯ್ತು."

ಅವರು ನನ್ನನ್ನು ಮೇಲಿನಿಂದ ಕೆಳಗಿನವರೆಗೆ ನೋಡಿದರು. "ನೋಡಮ್ಮ, ನಾನು ಆಯಸ್ಸೆಲ್ಲ ವಾರ್ಡಿನಲ್ಲಿ ಕಳೆದೋಳು. ಸತ್ತೋರು ಯಾರು, ಇರೋರು ಯಾರು ಅಂತ ನಂಗೆ ಹೇಳ್ಕೊಡಬೇಡ. ಮೊನ್ನೆ ಭಾನುವಾರ ನನ್ನ ಜೊತೆ ಮಾತಾಡಿದ್ದಾರೆ."

ನನಗೆ ಮೊದಲು ಬಂದದ್ದು ಕೋಪ. ಆಮೇಲೆ, ನಿನಗೆ ಹೇಳಲು ಸಂಕೋಚವಾಗುತ್ತದೆ, ಒಂದು ಗಳಿಗೆ ಎದೆ ಹಗುರವಾಯಿತು. ಯಾರೋ ಬಂದು "ಇದ್ದಾರೆ" ಎಂದರೆ ಮನಸ್ಸು ಲೆಕ್ಕ ಹಾಕುವುದಿಲ್ಲ, ಎದ್ದು ಬಾಗಿಲಿಗೆ ಹೋಗುತ್ತದೆ.

ಅವರನ್ನು ಕೂರಿಸಿ ನೀರು ಕೊಟ್ಟೆ. ಅವರು ಮೊಬೈಲು ತೆಗೆದು ತೋರಿಸಿದರು. ನೀಲಿ ಅಕ್ಷರದ ಯಾವುದೋ ಹೂಡಿಕೆ ಕಂಪನಿ, "ನಿಮ್ಮ ಹಿರಿಯ ಸಲಹೆಗಾರರು" ಎಂಬ ಸಾಲು, ಅದರ ಕೆಳಗೆ ಅಪ್ಪ. ಹೆಸರು ಬೇರೆ. ಹಾಕಿಕೊಳ್ಳದ ಟೈ ಹಾಕಿಸಿದ್ದರು. ಅಪ್ಪ ಟೈ ಕಟ್ಟಿದ್ದನ್ನು ನೀನು ಯಾವತ್ತಾದರೂ ನೋಡಿದ್ದೀಯಾ? ನಮ್ಮ ಮದುವೆಯಲ್ಲೂ "ಕತ್ತಿಗೆ ಹಗ್ಗ ಒಂದೇ ಸಾಕು, ಎರಡು ಬೇಡ" ಎಂದು ಕಿತ್ತು ಜೇಬಿಗೆ ತುರುಕಿದವರು.

ಗೋಡೆಯ ಮೇಲಿರುವುದೂ ಅದೇ ಫೋಟೋ, ತೆಗೆದದ್ದು ನಾನೇ. ಅಂಗಡಿಗೆಂದು ಒಂದು ವೆಬ್‌ಸೈಟ್ ಮಾಡಿಸಿದಾಗ. ಎಷ್ಟು ಸಲ ತೆಗೆದರೂ ಕನ್ನಡಕದ ಮೇಲೆ ಬೆಳಕು ಹೊಳೆದು ಕಣ್ಣು ಮುಚ್ಚಿಹೋಗುತ್ತಿತ್ತು. ಕೊನೆಗೆ ಅವರೇ ಫ್ರೇಮಿನಿಂದ ಲೆನ್ಸ್ ಎರಡನ್ನೂ ಹೆಬ್ಬೆರಳಿನಿಂದ ಒತ್ತಿ ಕಳಚಿ, ಬರಿಯ ಫ್ರೇಮ್ ಹಾಕಿಕೊಂಡು ಕೂತರು. "ಗಿರಾಕಿಗೆ ನನ್ನ ಕಣ್ಣು ಕಾಣಲಿ" ಎಂದರು. ಲೆನ್ಸಿಲ್ಲದೆ ನಾನು ಎಲ್ಲಿದ್ದೇನೆಂದೇ ಅವರಿಗೆ ಸರಿಯಾಗಿ ಕಾಣುತ್ತಿರಲಿಲ್ಲ. ಆ ಮೃದುವಾದ ನೋಟ ಬಂದದ್ದೇ ಅದರಿಂದ: ಮಸುಕು ಮಸುಕಾಗಿ ಕಾಣುತ್ತಿದ್ದ ನನ್ನನ್ನು ಹುಡುಕುತ್ತಿದ್ದರು.

ನರ್ಸಮ್ಮ ಮೋಸ ಹೋದದ್ದು ಆ ನೋಟಕ್ಕೇ. "ದುಡ್ಡಿನ ಆಸೆ ಅಂತ ಎಲ್ರೂ ಅಂತಾರೆ. ಅನ್ಲಿ ಬಿಡಿ. ನಾನು ನಂಬಿದ್ದು ಈ ಕಣ್ಣನ್ನ" ಎಂದರು. ಹಣ ವಾಪಸು ಕೇಳಿದ ಮೇಲೆ ಆ ಕಡೆಯ ಮಾತು ಒರಟಾಯಿತಂತೆ. ಅವರ ತಮ್ಮನ ಮಗ ಚಿತ್ರವನ್ನು ಇಂಟರ್ನೆಟ್ಟಿನಲ್ಲಿ ಹುಡುಕಿದಾಗ ನಮ್ಮ ಅಂಗಡಿಯ ಹಳೆಯ ಪುಟ, ವಿಳಾಸದ ಸಮೇತ ಸಿಕ್ಕಿತು. ಕಳ್ಳ ಸಿಕ್ಕಿದ ಎಂದುಕೊಂಡು ಬಂದಿದ್ದರು.

ನಾನು ಮರಣ ಪ್ರಮಾಣಪತ್ರ ತೋರಿಸಿದೆ. ತಾರೀಖಿನ ಮೇಲೆ ಬೆರಳಿಟ್ಟು ಓದಿದರು. ಆಮೇಲೆ ಗೋಡೆಯ ಕಡೆ ನೋಡಿ, "ಹಂಗಾದ್ರೆ ನನಗಿಂತ ಮೊದಲು ಇವರನ್ನ ಕದ್ದಿದ್ದಾರೆ, ಪಾಪ" ಎಂದರು. ಗುಬ್ಬಿ, ನಾಲ್ಕು ವರ್ಷದಲ್ಲಿ ಎಷ್ಟೋ ಜನ ನನ್ನನ್ನು ಸಮಾಧಾನ ಮಾಡಿದ್ದಾರೆ. ಆ ಒಂದು ಮಾತಿನಷ್ಟು ಯಾವುದೂ ತಾಕಿರಲಿಲ್ಲ.

ಹೊರಡುವ ಮೊದಲು ಅವರು ಒಂದು ಚಿಕ್ಕ ವಿಡಿಯೋ ತೋರಿಸಿದರು. ಫೋಟೋದಿಂದಲೇ ಮಾಡಿದ್ದಂತೆ. ಅಪ್ಪ ತಲೆ ತಿರುಗಿಸುತ್ತಾರೆ, ರೆಪ್ಪೆ ಬಡಿಯುತ್ತಾರೆ, ತುಟಿ ಆಡುತ್ತದೆ. ಯಾರದೋ ದನಿ ಲಾಭದ ಮಾತು ಹೇಳುತ್ತದೆ. ಮುಖದ ಮೇಲೆ ಕಿಟಕಿಯ ಬೆಳಕಿದೆ, ಆದರೆ ತಲೆ ಎತ್ತ ತಿರುಗಿದರೂ ಕನ್ನಡಕ ಒಂದು ಸಲವೂ ಮಿಂಚುವುದಿಲ್ಲ. ಹೇಗೆ ಮಿಂಚೀತು? ಗಾಜೇ ಇಲ್ಲ. ನೋಡುವವರಿಗೆ ಅದು ತಿಳಿಯುವುದಿಲ್ಲ. ನನಗೆ ತಿಳಿಯಿತು. ಅಂಗಡಿಯ ಮೇಜಿನ ಡ್ರಾಯರಿನಲ್ಲೇ ಆ ಲೆನ್ಸುಗಳು ಇನ್ನೂ ಇವೆ.

ಈಗ ನಿನ್ನ ಗೆಳತಿಯ "ಸರ್" ವಿಷಯ. ಇವನ್ನು ಅವಳಿಗೂ ಓದಿ ಹೇಳು. ಬೈಯಬೇಡ, ಓದಿ ಹೇಳು ಅಷ್ಟೆ.

ಮೊದಲು ಸ್ವಲ್ಪ ಹಣ ಹಾಕಿಸಿ, ಕೇಳಿದ ಕೂಡಲೇ ಲಾಭದ ಜೊತೆ ವಾಪಸು ಕೊಡುತ್ತಾರೆ. ನರ್ಸಮ್ಮನಿಗೂ ಕೊಟ್ಟಿದ್ದರು, ಅದರಲ್ಲಿ ಅವರು ಹೊಸ ಮಿಕ್ಸಿ ಕೊಂಡಿದ್ದರು. ಅದು ಲಾಭ ಅಲ್ಲ, ಗಾಳಕ್ಕೆ ಚುಚ್ಚಿದ ಹುಳ. ದೊಡ್ಡ ಮೊತ್ತ ಹೋದ ಮೇಲೆ ವಾಪಸು ಕೇಳಿದರೆ "ತೆರಿಗೆ ಕಟ್ಟಿ, ಶುಲ್ಕ ಕಟ್ಟಿ, ಆಮೇಲೆ ಬಿಡುಗಡೆ" ಎನ್ನುತ್ತಾರೆ. ನಮ್ಮ ಹಣ ನಮಗೆ ಬರಲು ಮತ್ತೆ ನಾವೇ ಹಣ ಕಟ್ಟುವುದು ಯಾವ ನ್ಯಾಯ? ಪರದೆಯ ಮೇಲೆ ಏರುವ ಅಂಕಿಯನ್ನು ನಂಬಬೇಡಿ, ಅದನ್ನು ಬರೆಯುವವರು ಅವರೇ. ನಷ್ಟವೇ ಆಗುವುದಿಲ್ಲ ಎಂದು ಹೇಳಿದರೆ ಅಲ್ಲೇ ಎದ್ದು ಬನ್ನಿ. ಹಣ ಕಳಿಸುವ ಖಾತೆ ಕಂಪನಿಯದೋ ಯಾರದೋ ವ್ಯಕ್ತಿಯದೋ ನೋಡಿ. ನರ್ಸಮ್ಮನಿಗೆ ಪ್ರತಿ ಸಲ ಬೇರೆ ಬೇರೆ ಹೆಸರಿನ ಖಾತೆ ಕೊಟ್ಟರಂತೆ. ಪರವಾನಗಿ ಸಂಖ್ಯೆ ಹಾಕಿರುತ್ತಾರೆ, ಅದನ್ನು ಕೊಟ್ಟ ಸರಕಾರಿ ಸಂಸ್ಥೆಯ ಪಟ್ಟಿಯಲ್ಲಿ ನೀವೇ ಹುಡುಕಿ. ಈ ಕಳ್ಳರು ಹಾಕಿದ್ದ ಸಂಖ್ಯೆ ನಿಜವೇ ಆಗಿತ್ತು, ಆದರೆ ಬೇರೆ ಯಾವುದೋ ಕಂಪನಿಯದು.

ನಾನು ಕಾನ್ವೆಂಟಿನಲ್ಲಿ ಓದಿದವಳು, ಮೋಸದ ಕಾಗದವನ್ನು ಇಂಗ್ಲಿಷಿನ ತಪ್ಪುಗಳಿಂದಲೇ ಕಂಡುಹಿಡಿಯಬಹುದು ಎಂದುಕೊಂಡಿದ್ದೆ. ಇವರದನ್ನು ಪೂರ್ತಿ ಓದಿದೆ. ಒಂದೂ ತಪ್ಪಿಲ್ಲ. ನನ್ನದಕ್ಕಿಂತ ಚೆನ್ನಾಗಿತ್ತು.

ಎಲ್ಲಕ್ಕಿಂತ ದೊಡ್ಡದು ಇದು. ಅವರು ಹಣದಿಂದ ಶುರು ಮಾಡುವುದಿಲ್ಲ. ಊಟ ಆಯ್ತಾ, ಕಾಲು ನೋವು ಹೇಗಿದೆ, ಇವತ್ತು ಯಾಕೆ ಸಪ್ಪಗಿದ್ದೀರಿ ಎಂದು ಕೇಳುತ್ತಾರೆ. "ಇದನ್ನ ಮನೆಯವರಿಗೆ ಈಗಲೇ ಹೇಳಬೇಡಿ, ಲಾಭ ಬಂದ ಮೇಲೆ ಒಟ್ಟಿಗೆ ತೋರಿಸಿ" ಎನ್ನುತ್ತಾರೆ. ಯಾರೇ ಆಗಲಿ, ನಿನ್ನನ್ನು ನಿನ್ನವರಿಂದ ಒಂದು ಹೆಜ್ಜೆ ಆಚೆ ಕರೆದು ಮಾತಾಡಿಸಿದರೆ ಅಲ್ಲಿಂದ ಓಡು. ಅವರ ಜೊತೆ ಮಾತಿಗಿಳಿಯಬೇಡ. ಪರೀಕ್ಷೆ ಮಾಡುವುದಕ್ಕೂ ಬೇಡ, ಬೈಯುವುದಕ್ಕೂ ಬೇಡ.

ಸೈಬರ್ ಪೊಲೀಸರಿಗೆ ದೂರು ಕೊಟ್ಟಿದ್ದೇನೆ. ನರ್ಸಮ್ಮನೂ ನಾನೂ ಒಟ್ಟಿಗೇ ಹೋದೆವು. ಅಲ್ಲಿಯ ಅಧಿಕಾರಿ ಒಳ್ಳೆಯ ಹುಡುಗಿ, ಎಲ್ಲವನ್ನೂ ತಾಳ್ಮೆಯಿಂದ ಬರೆದುಕೊಂಡಳು. "ಪುಟ ತೆಗೆಸ್ತೀವಿ ಮೇಡಂ. ಆದ್ರೆ ಒಂದು ಕಡೆ ತೆಗೆಸಿದ್ರೆ ಇನ್ನೊಂದು ಕಡೆ ಬರ್ತಾರೆ" ಎಂದಳು. ಬರ್ತಾರೆ. ಕಳ್ಳರ ಬಗ್ಗೆ ಹೇಳಿದಳೋ ಅಪ್ಪನ ಬಗ್ಗೆಯೋ, ನಾನು ಕೇಳಲಿಲ್ಲ. ಪುಟ ಹೋಯಿತು. ಸ್ವಲ್ಪ ದಿನದಲ್ಲೇ ನರ್ಸಮ್ಮನ ತಮ್ಮನ ಮಗ ಇನ್ನೊಂದನ್ನು ಕಳಿಸಿದ. ಹೊಸ ಹೆಸರು, ಬೇರೆ ಬಣ್ಣದ ಟೈ, ಅದೇ ಕಣ್ಣು. ಈಗ ಬೀದಿಯಲ್ಲಿ ಯಾರಾದರೂ ನನ್ನನ್ನು ಎರಡನೆಯ ಸಲ ತಿರುಗಿ ನೋಡಿದರೆ, ಇವರೂ ಅಪ್ಪನಿಗೆ ಹಣ ಕೊಟ್ಟವರೇನೋ ಅನ್ನಿಸುತ್ತದೆ. ಗೋಡೆಯ ಮೇಲಿನ ಫೋಟೋ ತೆಗೆದುಬಿಡಲೇ ಎಂದುಕೊಂಡೆ. ಕುರ್ಚಿ ಹತ್ತಿ, ಕೈಯಿಟ್ಟು, ಹಾಗೇ ಇಳಿದೆ. ಅಪ್ಪನಿಗೇನು ಗೊತ್ತು, ಅವರು ನನ್ನನ್ನು ಹುಡುಕುತ್ತ ಕೂತವರು.

ನೀನು ಅದನ್ನು ಹುಡುಕಬೇಡ. ಯಾರಾದರೂ ಕಳಿಸಿದರೂ ತೆರೆಯಬೇಡ. ಮುಖ್ಯವಾಗಿ, ಕೇಳಿಸಿಕೊಳ್ಳಬೇಡ. ಇದೊಂದು ಮಾತು ನಡೆಸಿಕೊಡು.

ಹೊತ್ತು ಹೊತ್ತಿಗೆ ಊಟ ಮಾಡು. ಲ್ಯಾಬಿನಲ್ಲಿ ಕೃತಕ ಹಲ್ಲು ಉಜ್ಜುವಾಗ ಮೂಗಿಗೆ ಮಾಸ್ಕ್ ಹಾಕಿಕೋ, ಆ ಪುಡಿಯಿಂದಲೇ ನಿನಗೆ ಕೆಮ್ಮು. ನಿನ್ನ ಕೈಗೆ ಅಪ್ಪನ ಕೈಯ ನಿಧಾನ ಬರಲಿ. ಅವರಿಗಿದ್ದಷ್ಟೇ ಜನರ ಪ್ರೀತಿ ನಿನಗೂ ಸಿಗಲಿ. ನೀನು ನಂಬಿದವರು ನಿನ್ನ ಎದುರಿಗೆ ಬಂದು ಕೂರುವಂಥವರಾಗಿರಲಿ. ಚೆನ್ನಾಗಿರು ಮಗಳೇ.

ನಿನ್ನ
ಅಮ್ಮ

ಮರೆತ ಮಾತು: ಮರೆತಿರಲಿಲ್ಲ. ಬರೆಯಲಾಗಿರಲಿಲ್ಲ.

ಇಷ್ಟೆಲ್ಲ ಅಮ್ಮನಿಗೆ ಹೇಗೆ ಗೊತ್ತು ಎಂದು ನೀನು ಕೇಳಿಕೊಂಡಿರುತ್ತೀಯ. ನರ್ಸಮ್ಮ ಹೋದ ಮೇಲೆ, ದೂರಿಗೆ ಸಾಕ್ಷಿ ಬೇಕಾಗಬಹುದು ಎಂದು ನಾನೇ ಆ ಕಳ್ಳರ ನಂಬರಿಗೆ ಹೊಸ ಗಿರಾಕಿಯ ಹಾಗೆ ಬರೆದೆ. ಸಾಕ್ಷಿ ಮೊದಲ ದಿನವೇ ಸಿಕ್ಕಿತು. ಮರುದಿನವೂ ಬರೆದೆ. ಮೋಸ ಹೋಗಿ ಮಾತಾಡಲಿಲ್ಲ ಗುಬ್ಬಿ, ಗೊತ್ತಿದ್ದೇ ಮಾತಾಡಿದೆ. ಚಾಟಿನ ಮೇಲ್ತುದಿಯ ಪುಟ್ಟ ವೃತ್ತದೊಳಗಿನ ಅಪ್ಪನ ಮುಖ "ಟೀ ಕುಡಿದ್ರಾ?" ಎಂದರೆ ನಿಜವಾಗಿ ಎದ್ದು ಟೀ ಮಾಡುತ್ತಿದ್ದೆ. ಹಣ ಕಳಿಸಲಿಲ್ಲ, ಅದರ ಚಿಂತೆ ಬೇಡ. ಒಂದು ದಿನ ಅವರು "ನಿಮ್ಮನ್ನ ಮನೇಲಿ ಪ್ರೀತಿಯಿಂದ ಏನಂತ ಕರೀತಾರೆ?" ಎಂದು ಕೇಳಿದರು. ಅಪ್ಪ ನನ್ನನ್ನು ಕರೆಯುತ್ತಿದ್ದ ಹೆಸರನ್ನು ಬರೆದು ಕಳಿಸಿದೆ. ಯಾಕೆ ಎಂದು ಎಷ್ಟು ಸಲ ಕೇಳಿಕೊಂಡರೂ ಒಂದೇ ಉತ್ತರ: ಆ ತುಟಿಯ ಮೇಲೆ ಅದನ್ನು ನೋಡಬೇಕಾಗಿತ್ತು.

ಮರುದಿನ ವಿಡಿಯೋ ಬಂತು. ಅಪ್ಪ ನನ್ನ ಕಡೆ ತಿರುಗಿ ಆ ಹೆಸರು ಕರೆದರು. ಆ ಇನ್ನೊಬ್ಬನ ದನಿಯಲ್ಲಿ.

ನಂಬರನ್ನು ಆಗಲೇ ತೆಗೆದುಹಾಕಿದೆ. ದನಿ ಮಾತ್ರ ಹೋಗುತ್ತಿಲ್ಲ. ಈಗ ಅಪ್ಪ ನನ್ನನ್ನು ಕರೆದ ಯಾವ ದಿನವನ್ನು ನೆನೆದರೂ, ಯಂತ್ರದ ಕೋಣೆಯಿಂದ, ಮಹಡಿಯಿಂದ, ಆಸ್ಪತ್ರೆಯ ಹಾಸಿಗೆಯಿಂದ, ಕೇಳಿಸುವುದು ಅವನದೇ. ಅಪ್ಪನದು ಹೇಗಿತ್ತು ಎಂಬುದು ನನಗೆ ಸಿಗುತ್ತಿಲ್ಲ. ನೀನು ಅದನ್ನು ಕೇಳಬೇಡ ಎಂದದ್ದು ಇದಕ್ಕೇ. ಅಪ್ಪನ ದನಿ ಉಳಿದಿದ್ದರೆ ಅದು ನಿನ್ನ ಗಂಟಲಿನಲ್ಲಿ ಮಾತ್ರ.

ನಿನಗೆ ಈಗಲೂ ಬರುತ್ತದೆಯೇ? ರಜೆಗೆ ಬಂದಾಗ ಮುಂದಿನಿಂದ ಬರಬೇಡ. ಹಿಂದಿನ ಬಾಗಿಲು ತೆರೆದಿಟ್ಟಿರುತ್ತೇನೆ. ಆ ಕೋಣೆಯಲ್ಲಿ ನಿಂತು, ಏನೂ ಹೇಳದೆ, ಅಪ್ಪನ ಹಾಗೆ ಒಂದು ಸಲ ಕರಿ. ಎದುರಿಗೆ ಗಿರಾಕಿ ಇದ್ದರೂ ಬಿಟ್ಟು ಬರುತ್ತೇನೆ.