ಮಹಾಮಾತ್ಯೆಯ ಸರಪಳಿಗೆ ಎರಡನೆಯ ಕೈ

ಮೇರುವಳಿ ಸಾಮ್ರಾಜ್ಯದ 3117ನೆಯ ವರ್ಷ, ಒಂದೇ ಸಲ ಬಂದ ಮಂಗಳವಾರ.

ನಮ್ಮ ಮೊಮ್ಮಕ್ಕಳ ಮೊಮ್ಮಕ್ಕಳಿಗೆ,

ತಾರೀಖು ಬರೆದ ರೀತಿ ವಿಚಿತ್ರ ಅನ್ನಿಸಿದರೆ ಕ್ಷಮಿಸಿ. ಒಂದು ದಿನ ಎಷ್ಟು ಸಲ ಬಂತು ಎಂಬುದನ್ನೂ ನಮ್ಮ ಅರಮನೆಯಲ್ಲಿ ಬರೆದಿಡಬೇಕಾಗುತ್ತದೆ. ನನ್ನ ಮಾತುಗಳೂ ನಿಮಗೆ ಒರಟಾಗಿ ಕೇಳಿಸಬಹುದು. ನನ್ನ ಹೆಸರು ಸಾಂತಲೆ. ಮಹಾಮಾತ್ಯೆ ಜಾಕಣಬ್ಬೆಗೆ ಹತ್ತೊಂಬತ್ತು ವರ್ಷ ಸಾಕ್ಷಿಯಾಗಿದ್ದೆ. ಊರ ನಡುವಿನ ಚೌಕದಲ್ಲಿ ನಿಂತಿರುವ ಕಂಚಿನ ಹೆಂಗಸು ಅವಳೇ. ಆಳಿದವರನ್ನು ‘ಅವರು’ ಎನ್ನುವುದು ನಮ್ಮ ರೂಢಿ. ಇವಳನ್ನು ಹಾಗೆನ್ನಲು ನನಗೆ ಬಾಯಿ ಬರುವುದಿಲ್ಲ.

ನಮ್ಮಲ್ಲಿ ತಿರುಗಾಲ ಎಂಬ ಯಂತ್ರವಿದೆ. ಅಂಗೈಯಗಲದ ಚಕ್ರ, ಅದಕ್ಕೊಂದು ಸರಪಳಿ. ಎಳೆದರೆ ಹೊತ್ತು ಹಿಂದಕ್ಕೆ ಸರಿಯುತ್ತದೆ, ಹೆಚ್ಚೆಂದರೆ ಒಂದು ಜಾವದಷ್ಟು. ಕಳೆದದ್ದು ನೆನಪಿರುವುದು ಸರಪಳಿ ಹಿಡಿದವರಿಗೆ ಮಾತ್ರ. ಒಬ್ಬರೇ ಎಳೆದರೆ ಅದು ಅಲುಗುವುದಿಲ್ಲ, ಎರಡು ಕೈ ಬೇಕು. ಒಂದು ಮಹಾಮಾತ್ಯೆಯದು, ಇನ್ನೊಂದು ಸಾಕ್ಷಿಯದು. ಜೀವ ಉಳಿಸಲು ಮಾತ್ರ ಎಳೆಯಬೇಕು ಎಂದು ಕಾನೂನಿದೆ. ಮೊದಲ ವರ್ಷ ಹಾಗೇ ಎಳೆದೆವು. ಒಡೆದ ಅಣೆಕಟ್ಟಿನ ಕೆಳಗಿನ ಮೂರು ಊರುಗಳನ್ನು ಉಳಿಸಿದೆವು, ನಾನು ಹೆಮ್ಮೆಯಿಂದ ಅತ್ತೆ. ಆಮೇಲೆ ಜಾಕಣಬ್ಬೆ ಸಭೆಯ ವಾದದಲ್ಲಿ ಸೋತಾಗಲೂ ಎಳೆದಳು. ಬಿಸಿ ಸಾರು ಕುಡಿದು ನಾಲಗೆ ಸುಟ್ಟುಕೊಂಡದ್ದಕ್ಕೆ ಒಮ್ಮೆ, ಪಗಡೆಯಾಟಕ್ಕೆ ಒಮ್ಮೆ. ಎಳೆದಾಗಲೆಲ್ಲ ಏಲಕ್ಕಿ ಜಗಿದು, ಬೆಳ್ಳಿ ಬಟ್ಟಲಿಗೆ ಉಗುಳಿ, ಹೊಸದಾಗಿ ಶುರು ಮಾಡುತ್ತಿದ್ದಳು. ಅವಳ ನಾಲಗೆ ತಣ್ಣಗಿರಲೆಂದು ಆ ಜಾವದಲ್ಲಿ ಹೆರಿಗೆನೋವು ತಿನ್ನುತ್ತಿದ್ದ ಸಾಮ್ರಾಜ್ಯದ ಬಸುರಿಯರೆಲ್ಲ ಎರಡು ಸಲ ಹೆತ್ತರು. ಅವರಿಗೆ ಗೊತ್ತಿಲ್ಲ. ನನಗೆ ಗೊತ್ತು. ಇವತ್ತಿಗೂ ನನ್ನ ಮನೆಯೊಳಗೆ ಏಲಕ್ಕಿ ತರುವುದಿಲ್ಲ.

ಹನ್ನೆರಡನೆಯ ವರ್ಷ ಒಂದು ಗಾಳಿದೋಣಿ ನಲವತ್ತೊಂದು ಜನರೊಂದಿಗೆ ಬಂದರಿನ ಮೇಲೆ ಬಿತ್ತು. ನಡೆಸುತ್ತಿದ್ದವಳು ಬಾಚಲೆ, ಇಪ್ಪತ್ತಮೂರು ವರ್ಷದವಳು. ಸುದ್ದಿ ಬಂದಾಗ ಅರ್ಧ ಜಾವವೂ ಆಗಿರಲಿಲ್ಲ. ನಾನು ಓಡಿಹೋಗಿ ಸರಪಳಿ ಹಿಡಿದೆ.

“ಬಿಡು ಅದನ್ನ,” ಅಂದಳು ಜಾಕಣಬ್ಬೆ. “ಈಗಷ್ಟೇ ಒಪ್ಪಂದಕ್ಕೆ ದಕ್ಷಿಣದವರ ಸಹಿ ಬಿದ್ದಿದೆ. ಅದಕ್ಕೆ ನಾಲ್ಕು ಸಲ ಎಳೆದಿದ್ದೀನಿ. ಐದನೇ ಸಲ ಅವರು ಒಪ್ಪದೇ ಹೋದ್ರೆ?”

ನಾನು ಬಿಟ್ಟೆ.

ಮರುದಿನ ಬಾಚಲೆಯ ತಾಯಿ ದೇಕವ್ವನ ಮನೆಗೆ ಹೋದೆವು. ಚಿತ್ರ ಬರೆಯುವವನೂ ಜೊತೆಗಿದ್ದ. ಮಗಳು ಗಾಯಗೊಂಡು ಬದುಕಿರಬಹುದೆಂದೇ ದೇಕವ್ವ ನಂಬಿದ್ದಳು. ಜಾಕಣಬ್ಬೆ ಸಾವಿನ ಸುದ್ದಿ ಹೇಳಿದಳು. ತಾಯಿಯ ಪ್ರತಿಕ್ರಿಯೆ ಅವಳಿಗೆ ಹಿಡಿಸಲಿಲ್ಲ. ಸರಪಳಿ ಎಳೆದೆವು. ಎರಡನೆಯ ಸಲ ತನ್ನ ದನಿಯೇ ಅವಳಿಗೆ ಹಿಡಿಸಲಿಲ್ಲ. ಮೂರನೆಯ ಸಲ ಬೆಳಕು ಸರಿಯಿರಲಿಲ್ಲ. ಪ್ರತಿ ಸಲವೂ ಆ ತಾಯಿ ಒದ್ದೆ ಕೈ ಸೆರಗಿಗೆ ಒರೆಸಿಕೊಳ್ಳುತ್ತ ಬಂದು, “ಬಾಚಿ ಹೆಂಗವ್ಳೆ ತಾಯಿ?” ಎಂದು ಕೇಳುತ್ತಿದ್ದಳು. ಏಳು ಸಲ ಕೇಳಿದಳು. ಏಳನೆಯ ಸಲ ಜಾಕಣಬ್ಬೆಯ ಕಾಲ ಬಳಿ ಕುಸಿದು ಅತ್ತಳು. ಚಿತ್ರ ಚೆನ್ನಾಗಿ ಬಂತು. ಹಿಂದಿರುಗುವಾಗ ಜಾಕಣಬ್ಬೆ ಹಸಿವೆಂದು ಹೋಳಿಗೆ ತರಿಸಿಕೊಂಡು ತಿಂದಳು.

ಏಳು ವರ್ಷದ ಮೇಲೆ ಆ ಚಿತ್ರವನ್ನೇ ಕಂಚಿನಲ್ಲಿ ಎರಕ ಹೊಯ್ಸಿದರು. ಅನಾವರಣಕ್ಕೆ ದೇಕವ್ವನನ್ನು ಕರೆತರುವ ಕೆಲಸ ನನಗೆ ಬಂತು. ಅವಳ ಅಡುಗೆಮನೆಯಲ್ಲಿ ಕುಳಿತು ಎಲ್ಲವನ್ನೂ ಹೇಳಿಬಿಟ್ಟೆ. ಅವಳು ಒಲೆ ಆರಿಸಿದಳು.

“ಏಳು ಸಲಾನೂ ನೀವು ಅಲ್ಲೇ ಇದ್ರಾ?”

“ಇದ್ದೆ.”

“ಒಂದ್ಸಲನಾದ್ರೂ ಬಾಯಿ ಬಿಡ್ಲಿಲ್ವಾ?”

“ಇಲ್ಲ.”

“ಮೊದಲ್ನೇ ಸಲ ನಾನೇನು ಮಾಡ್ದೆ?”

“ಅವಳ ಕೆನ್ನೆಗೆ ಬಾರಿಸಿದಿರಿ ಅವ್ವಾ. ಉಂಗುರದ ಗುರುತು ಬಿದ್ದಿತ್ತು.”

ದೇಕವ್ವ ಒಳಗೆ ಹೋಗಿ ಒಳ್ಳೆಯ ಸೀರೆ ಉಟ್ಟು ಬಂದಳು.

ಚೌಕದಲ್ಲಿ ಸಾವಿರಾರು ಜನ. ಪರದೆ ಸರಿಯಿತು. ಜಾಕಣಬ್ಬೆ ಕೈ ಚಾಚಿ ಮುಂದೆ ಬಂದಳು. ದೇಕವ್ವ ಹೊಡೆದ ಏಟಿನ ಸದ್ದು ಕೊನೆಯ ಸಾಲಿನವರೆಗೂ ಕೇಳಿಸಿತು.

“ಸಾಂತಲೆ, ಸರಪಳಿ!” ಜಾಕಣಬ್ಬೆ ಕಿರುಚಿದಳು. “ಹಿಡಿಯೇ!”

ನಾನು ಕೈ ಕಟ್ಟಿಕೊಂಡು ನಿಂತೆ. ಕಾವಲಿನವರು ನನ್ನ ಬೆರಳು ಮುರಿದರು. ಬಲವಂತದ ಕೈಗೆ ಚಕ್ರ ತಿರುಗಲಿಲ್ಲ. ಬೇರೆ ಸಾಕ್ಷಿಗೆ ದೀಕ್ಷೆ ಕೊಟ್ಟು ಕರೆತರುವಷ್ಟರಲ್ಲಿ ಜಾವ ದಾಟಿತ್ತು.

ದೇಕವ್ವನನ್ನು ಉಪ್ಪಿನ ದ್ವೀಪಕ್ಕೆ ಕಳಿಸಿದರು. ಎರಡು ಸಲ ಅಲ್ಲಿಗೆ ಹೋದೆ. ಅವಳು ನನ್ನನ್ನು ನೋಡಲು ಒಪ್ಪಲಿಲ್ಲ. ಅದು ಸರಿಯೇ. ಜಾಕಣಬ್ಬೆ ಮತ್ತೆ ಒಂಬತ್ತು ವರ್ಷ ಆಳಿ, ಕಳೆದ ತಿಂಗಳು ಮೆತ್ತನೆಯ ಹಾಸಿಗೆಯಲ್ಲಿ ಸತ್ತಳು. ಅವಳ ಮೇಲೆ ನನಗಿರುವ ಹೇಸಿಗೆ ದೊಡ್ಡದು. ಅವಳ ಪಕ್ಕದಲ್ಲಿ ಹತ್ತೊಂಬತ್ತು ವರ್ಷ ಉಂಡು, ಸಂಬಳ ಪಡೆದು, ಬೆಚ್ಚಗೆ ಮಲಗಿದವಳ ಮೇಲೆ ಇರುವುದು ಅದಕ್ಕಿಂತ ದೊಡ್ಡದು.

ಮುಂದಿನ ವಾರ ಹೊಸ ಮಹಾಮಾತ್ಯೆ ಬರುತ್ತಾಳೆ. ಮೃದು ಮಾತಿನವಳು, ಎಲ್ಲರೂ ಹೊಗಳುತ್ತಾರೆ. ಸಾಕ್ಷಿಯ ಕೆಲಸಕ್ಕೆ ಆಗಲೇ ನಾನೂರು ಅರ್ಜಿ ಬಂದಿವೆಯಂತೆ, ಎಲ್ಲ ಒಳ್ಳೆಯ ಮನೆತನದ ಮಕ್ಕಳದು. ನಿಮ್ಮ ಕಾಲದಲ್ಲೂ ಆ ಚಕ್ರ ಉಳಿದಿದ್ದರೆ, ನಿಮ್ಮ ಮಗಳು ಅಂಥದ್ದೊಂದು ಅರ್ಜಿ ಹಿಡಿದು ಹೊಸ್ತಿಲು ದಾಟುವುದನ್ನು ಕಂಡರೆ, ದಯವಿಟ್ಟು ಬಾಗಿಲು ಹಾಕಿ.

— ಸಾಂತಲೆ