ಹೊಳೆ ದಾಟಿದ ಕೋಳಿ

ಮರಕ್ಕಡವು
ಭಾನುವಾರ, ಬೆಳಗ್ಗೆ ಹನ್ನೊಂದೂವರೆ

ಅತ್ತೆಯವರಿಗೆ ನಮಸ್ಕಾರ.

ದೋಣಿಯ ಬೈರನ ಕೈಯಲ್ಲಿ ಲತಾಮಣಿಯ ಸ್ಲೋ ಕುಕ್ಕರ್, ಅದೇ ನಿಧಾನವಾಗಿ ಬೇಯಿಸುವ ಕರೆಂಟಿನ ಪಾತ್ರೆ, ಕಳಿಸಿದ್ದೇನೆ. ಒಳಗೆ ಅರ್ಧ ಬೆಂದ ಕೋಳಿ ಇದೆ. ಏಳು ಗಂಟೆಗೆ ಇಟ್ಟಿದ್ದೆ, ಎಂಟು ತಾಸು ಬೇಯಬೇಕು. ಆದರೆ ಆನೆಯೊಂದು ಲೈನಿನ ಮೇಲೆ ಮರ ಕೆಡವಿದ್ದರಿಂದ ನಮ್ಮ ಕೇರಳದ ಕಡೆ ಸಂಜೆಯವರೆಗೆ ಕರೆಂಟಿಲ್ಲ. ಹೊಳೆಯಾಚೆ ಕರ್ನಾಟಕದಲ್ಲಿ, ನಿಮ್ಮ ಮನೆಯಲ್ಲಿ ಇದೆಯೆಂದು ಬೈರ ಹೇಳಿದ. ದಯವಿಟ್ಟು ಇನ್ನು ನಾಲ್ಕು ತಾಸು ಪ್ಲಗ್ಗಿಗೆ ಹಾಕಿಡಿ. ನಡುವೆ ಮುಚ್ಚಳ ತೆಗೆಯಬಾರದಂತೆ. ನಾನು ಆರೇ ಸಲ ತೆಗೆದೆ. ಕೊನೆಗೆ ಪೊಟ್ಟಣದಲ್ಲಿರುವ ಕಾರ್ನ್‌ಫ್ಲೋರನ್ನು ನೀರಿನಲ್ಲಿ ಕದಡಿ ಹಾಕಿದರೆ ಗ್ರೇವಿ ಗಟ್ಟಿಯಾಗುತ್ತದೆ.

ಒಲೆಯ ಮೇಲೇ ಬೇಯಿಸಬಹುದಿತ್ತಲ್ಲ ಎಂದು ಲತಾಮಣಿ ಕೇಳಿದರೆ, ಗ್ಯಾಸ್ ಮುಗಿದಿದೆಯಂತೆ ಎಂದುಬಿಡಿ.

ಅವಳು ತವರಿಗೆ ಬಂದ ಕಾರಣ ನಿಮಗೆ ಗೊತ್ತೇ ಇರುತ್ತದೆ. ಆಸೆಪಟ್ಟು ಕೊಂಡ ಕುಕ್ಕರನ್ನು ತೋರಿಸಿ ನಾನು ನೆಂಟರ ಎದುರಿಗೆ, "ಇದೂ ಇವಳ ಹಾಗೇ. ಒಂದು ಕೋಳಿ ಬೇಯ್ಸೋಕೆ ಇಡೀ ದಿನ ಬೇಕು" ಎಂದಿದ್ದೆ. ಅವಳು ಬ್ಯಾಗು ತುಂಬಿಕೊಂಡು ದೋಣಿ ಹತ್ತಲು ಹತ್ತು ನಿಮಿಷವೂ ಹಿಡಿಯಲಿಲ್ಲ.

ಕೋಳಿ ನಿಮಗೇ ಇರಲಿ. ಆದರೆ ಕೊಟ್ಟ ಪಾತ್ರೆಯನ್ನು ಬರಿದಾಗಿ ಹಿಂದಿರುಗಿಸುವ ಪದ್ಧತಿ ನಮ್ಮಲ್ಲಿಲ್ಲವಲ್ಲ. ಬೆಲ್ಲ, ಬಾಳೆಹಣ್ಣು ಏನೂ ಹಾಕುವುದು ಬೇಡ. ಕುಕ್ಕರನ್ನು ಲತಾಮಣಿಯ ಕೈಗೆ ಕೊಟ್ಟು ಕಳಿಸಿದರೆ ಸಾಕು, ತುಂಬಿ ಬಂದ ಹಾಗೆಯೇ.

ಕೊನೆಯ ದೋಣಿ ಐದೂವರೆಗೆ. ನಾನು ಮೂರರಿಂದಲೇ ಹೊಳೆಯ ಕಡವಿನಲ್ಲಿ ನಿಂತಿರುತ್ತೇನೆ.

ನಿಮ್ಮ ಅಳಿಯ,
ಪುಟ್ಟಸ್ವಾಮಿ